ಮುಕ್ತ ತಂತ್ರಾಂಶವನ್ನು ನಮ್ಮದಾಗಿಸಿಕೊಳ್ಳುವ ಬಗೆ
(ವೀಡಿಯೊ ಸಂವಾದದ ಒಂದು ನಿದರ್ಶನ)

ಹಿಂದಿನ ಕಾಲದಲ್ಲಿ ಗ್ರಂಥವೊಂದು ಬೇಕಾದವರು ಅದರ ಪ್ರತಿಯಿದ್ದ ಮನೆಗೋ ಮಠಕ್ಕೋ ಹೋಗಿ, ಓಲೆಗರಿಯ ಮೇಲೆ ಕಂಟದಿಂದ ಕೊರೆದು ಪ್ರತಿ ಮಾಡಿಕೊಂಡು ಬರಬೇಕಾಗಿತ್ತು. ಲಿಪಿಕಾರರಲ್ಲಿ ಕೆಲವರು ಮೂಲವನ್ನು ಇದ್ದಂತೆಯೇ ಬರೆದರು. ಮತ್ತೆ ಕೆಲವರು ತಮಗೆ ಸರಿತೋರಿದ ತಿದ್ದುಪಡಿಯನ್ನು ಪದ್ಯದ ನಡುವೆಯೇ ಸೇರಿಸಿಬಿಟ್ಟರು. ಹಲವು ತಲೆಮಾರುಗಳು ಕಳೆದ ಮೇಲೆ, ಯಾವುದು ಕವಿಯ ಮಾತು, ಯಾವುದು ಲಿಪಿಕಾರನ ಮಾತು ಎಂದು ಬಿಡಿಸಿ ನೋಡುವುದೇ ಸಂಪಾದಕರಿಗೆ ದೊಡ್ಡ ಪರಿಶ್ರಮವಾಯಿತು. ಪಾಠಾಂತರಗಳ ಈ ತೊಡಕು ಹಳಗನ್ನಡ ಕಾವ್ಯಗಳನ್ನು ಓದಿದವರಿಗೆ ಹೊಸದಲ್ಲ.

ಈ ಹಳೆಯ ಕಷ್ಟವನ್ನು ಇಲ್ಲಿ ನೆನೆದುದಕ್ಕೆ ಕಾರಣವುಂಟು. ಇಂದಿನ ಕಂಪ್ಯೂಟರಿನ ಲೋಕದಲ್ಲಿಯೂ ಯಾರು ಬೇಕಾದರೂ ಪ್ರತಿ ಮಾಡಿಕೊಳ್ಳಬಹುದಾದ, ತಿದ್ದಿಕೊಳ್ಳಬಹುದಾದ ಕೃತಿಗಳಿವೆ. ಅವಕ್ಕೆ ಮುಕ್ತ ತಂತ್ರಾಂಶಗಳೆಂದು ಹೆಸರು. ಬೇರೆ ಬೇರೆ ಊರುಗಳಲ್ಲಿರುವ ಅಧ್ಯಾಪಕರೂ ವಿದ್ಯಾರ್ಥಿಗಳೂ ಪರಸ್ಪರ ಮುಖ ನೋಡುತ್ತ ಮಾತನಾಡಲು ನೆರವಾಗುವ ವೀಡಿಯೊ ಸಂವಾದದ ತಂತ್ರಾಂಶಗಳೂ ಈ ಬಗೆಯಲ್ಲಿ ದೊರೆಯುತ್ತವೆ. ಅವುಗಳಲ್ಲೊಂದಾದ 'ಜಿಟ್ಸಿ ಮೀಟ್' ಎಂಬುದನ್ನು ನಿದರ್ಶನವಾಗಿಟ್ಟುಕೊಂಡು, ಅದು ಕೆಲಸ ಮಾಡುವ ಬಗೆ, ಅದನ್ನು ಕನ್ನಡ ಶಾಲೆಗೆ ಒಪ್ಪುವಂತೆ ತಿದ್ದುವ ಬಗೆ, ತಿದ್ದಿದುದನ್ನು ಇತರರೂ ಬಳಸುವಂತೆ ಕಟ್ಟಿಕೊಡುವ ಬಗೆ, ಈ ಮೂರನ್ನು ಸ್ಥೂಲವಾಗಿ ತಿಳಿಸುವುದು ಪ್ರಸ್ತುತ ಲೇಖನದ ಉದ್ದೇಶ.

ನಮಗೆ ಇದರ ಅಗತ್ಯವೇನು?

2020ರ ಮಾರ್ಚ್ ತಿಂಗಳಲ್ಲಿ ಕೋವಿಡ್ ಪಿಡುಗಿನ ಕಾರಣ ಶಾಲೆಗಳು ಮುಚ್ಚಿದುದನ್ನು ಯಾರೂ ಮರೆತಿಲ್ಲ. ಕೇರಳದಲ್ಲಿ ಆ ವರ್ಷದ ಜೂನ್ 1ರಿಂದ ವಿಕ್ಟರ್ಸ್ ವಾಹಿನಿಯಲ್ಲಿ 'ಫಸ್ಟ್ ಬೆಲ್' ಎಂಬ ಪಾಠಗಳು ಪ್ರಸಾರವಾಗತೊಡಗಿದವು. ಟೆಲಿವಿಷನ್ನಿನ ಪಾಠ ಉಪಕಾರಿಯೇ ಆದರೂ ಅದು ಒಮ್ಮುಖವಾದುದು. ಮಗುವಿಗೆ ಸಂದೇಹ ಬಂದರೆ ಕೇಳುವ ದಾರಿಯಿಲ್ಲ. ಆದುದರಿಂದ ಅಧ್ಯಾಪಕರು ಮೊಬೈಲಿನ ಮೂಲಕ ವೀಡಿಯೊ ತರಗತಿಗಳನ್ನು ನಡೆಸಬೇಕಾಯಿತು. ಆಗ ಕಂಡ ತೊಂದರೆಗಳು ಎರಡು. ಮೊದಲನೆಯದು, ಬಟನುಗಳ ಮೇಲಿನ ಮಾತೆಲ್ಲ ಇಂಗ್ಲಿಷಿನಲ್ಲಿದ್ದುದು. ತಂದೆತಾಯಿಗಳು ಕೆಲಸಕ್ಕೆ ಹೋದ ಮನೆಯಲ್ಲಿ ಮಗುವಿನ ಪಕ್ಕದಲ್ಲಿ ಕುಳಿತವರು ಅಜ್ಜ ಅಜ್ಜಿಯರು. ಕನ್ನಡ ಓದಬಲ್ಲ ಆ ಹಿರಿಯರು ಆ ಪರದೆಯ ಮುಂದೆ ನಿರಕ್ಷರಿಗಳಾದರು. ಎರಡನೆಯದು, ಮಕ್ಕಳ ಮುಖ, ಮಾತು, ಹೆಸರುಗಳೆಲ್ಲ ಯಾರದೋ ಯಂತ್ರಗಳ ಮೂಲಕ ಹಾದುಹೋಗುತ್ತಿದ್ದುದು. ಈ ಎರಡೂ ತೊಂದರೆಗಳಿಗೆ ಮುಕ್ತ ತಂತ್ರಾಂಶದಲ್ಲಿ ಪರಿಹಾರವುಂಟು.

ಹುಟ್ಟು ಮತ್ತು ಪರವಾನಗಿ

ಜಿಟ್ಸಿಯ ಮೊದಲ ರೂಪವನ್ನು 2003ರಲ್ಲಿ ಫ್ರಾನ್ಸಿನ ಸ್ಟ್ರಾಸ್‌ಬರ್ಗ್ ವಿಶ್ವವಿದ್ಯಾಲಯದಲ್ಲಿ ವಿದ್ಯಾರ್ಥಿಯಾಗಿದ್ದ ಎಮಿಲ್ ಇವೊವ್ ಎಂಬವರು ರಚಿಸಿದರು. 'ಜಿಟ್ಸಿ' ಎಂದರೆ ಬಲ್ಗೇರಿಯದ ಭಾಷೆಯಲ್ಲಿ ತಂತಿಗಳು ಎಂದರ್ಥ. ಬ್ರೌಸರಿನೊಳಗೇ ನೇರವಾಗಿ ಮಾತನಾಡುವುದನ್ನು ಸಾಧ್ಯವಾಗಿಸುವ 'ವೆಬ್ ಆರ್‌ಟಿಸಿ' ಎಂಬ ವಿಧಾನವನ್ನು 2011ರಲ್ಲಿ ಗೂಗಲ್ ಸಂಸ್ಥೆಯು ಮುಕ್ತಗೊಳಿಸಿತು. 2021ರ ಜನವರಿಯಲ್ಲಿ ಅದು ಅಧಿಕೃತ ಮಾನಕವಾಯಿತು. ಅದನ್ನು ಆಧರಿಸಿ ಜಿಟ್ಸಿ ಮೀಟ್ ಬೆಳೆಯಿತು. ಅದರ ಒಡೆತನ 2015ರಲ್ಲಿ ಅಟ್ಲಾಸಿಯನ್ ಸಂಸ್ಥೆಗೂ, 2018ರಲ್ಲಿ 8x8 ಸಂಸ್ಥೆಗೂ ಹೋಯಿತು. ಒಡೆಯರು ಬದಲಾದರೂ ಅದರ ಮೂಲಬರೆಹ, ಅಂದರೆ ತಂತ್ರಜ್ಞರು 'ಸೋರ್ಸ್ ಕೋಡ್' ಎನ್ನುವುದು, ಮುಕ್ತವಾಗಿಯೇ ಉಳಿದಿದೆ.

ಮುಕ್ತವೆಂದರೆ ನಿಯಮವಿಲ್ಲವೆಂದಲ್ಲ. ಜಿಟ್ಸಿಗಿರುವುದು ಅಪಾಚೆ ಪರವಾನಗಿಯ 2.0ನೆಯ ಆವೃತ್ತಿ. ಅದರಂತೆ ಯಾರು ಬೇಕಾದರೂ ತಂತ್ರಾಂಶವನ್ನು ಬಳಸಬಹುದು, ತಿದ್ದಬಹುದು, ಹಂಚಬಹುದು, ಮಾರಲೂಬಹುದು. ಆದರೆ ಹಂಚುವಾಗ ಪರವಾನಗಿಯ ಪ್ರತಿಯನ್ನು ಜೊತೆಗಿಡಬೇಕು. ಮೂಲಕರ್ತೃಗಳ ಹಕ್ಕಿನ ಸೂಚನೆಗಳನ್ನು ಅಳಿಸಬಾರದು. ತಿದ್ದಿದ ಕಡತಗಳಲ್ಲಿ ತಿದ್ದಿದೆ ಎಂಬುದನ್ನು ಎದ್ದುಕಾಣುವಂತೆ ಬರೆಯಬೇಕು. ಮೂಲದ ಹೆಸರನ್ನೂ ಲಾಂಛನವನ್ನೂ ನಮ್ಮ ಸರಕಿಗೆ ಅಂಟಿಸಿಕೊಳ್ಳುವ ಹಕ್ಕನ್ನು ಈ ಪರವಾನಗಿ ಕೊಡುವುದಿಲ್ಲ. ಲಿಪಿಕಾರನು ಕವಿಯ ಅಂಕಿತವನ್ನು ಕೆಡಿಸದೆ, ತನ್ನ ತಿದ್ದುಪಡಿಯನ್ನು ತನ್ನದೆಂದು ತಿಳಿಸಿ ಬರೆಯಬೇಕೆಂಬ ಮರ್ಯಾದೆಯೇ ಇಲ್ಲಿ ಕಾನೂನಿನ ರೂಪದಲ್ಲಿದೆ.

ಚಿತ್ರವು ಸಾಗುವ ಬಗೆ

ತಿದ್ದಲು ಹೊರಡುವವರು ಮೊದಲು ಯಂತ್ರದ ಒಳಗುಟ್ಟನ್ನು ಸ್ವಲ್ಪವಾದರೂ ಅರಿತಿರಬೇಕು. ಒಂದು ಸಾಧಾರಣ ವೀಡಿಯೊ ಚಿತ್ರದಲ್ಲಿ ಅಡ್ಡಲಾಗಿ 1280, ಉದ್ದಕ್ಕೆ 720 ಚುಕ್ಕೆಗಳಿರುತ್ತವೆ, ಒಟ್ಟು 9,21,600. ಪ್ರತಿ ಚುಕ್ಕೆಯ ಬಣ್ಣವನ್ನು ಹೇಳಲು 3 ಬೈಟುಗಳು ಬೇಕು. ಸೆಕೆಂಡಿಗೆ 30 ಚಿತ್ರಗಳಾದರೆ 8,29,44,000 ಬೈಟುಗಳಾಗುತ್ತವೆ. ಇಷ್ಟು ಭಾರವನ್ನು ನಮ್ಮ ಮೊಬೈಲಿನ ಜಾಲವು ಹೊರಲಾರದು. ಆದುದರಿಂದ ಚಿತ್ರವನ್ನು ಸಂಕೋಚಿಸಿ ಕಳುಹಿಸುತ್ತಾರೆ. ಅಧ್ಯಾಪಕರ ಹಿಂದಿನ ಕರಿಹಲಗೆಯೂ ಗೋಡೆಯೂ ಒಂದು ಚಿತ್ರದಿಂದ ಮತ್ತೊಂದಕ್ಕೆ ಬದಲಾಗುವುದಿಲ್ಲ; ಬದಲಾಗುವುದು ಅವರ ಕೈ, ತುಟಿ, ಕಣ್ಣು. ಬದಲಾದ ಭಾಗವನ್ನಷ್ಟೇ ತಿಳಿಸಿದರೆ ಸಾಕಲ್ಲವೇ? ಈ ತತ್ತ್ವವನ್ನನುಸರಿಸುವ 'ವಿ.ಪಿ.8' ಮೊದಲಾದ ಸಂಕೇತವಿಧಾನಗಳಿಂದ ಆ ಭಾರವು ಸೆಕೆಂಡಿಗೆ ಸುಮಾರು 2 ಮೆಗಾಬಿಟ್ಟುಗಳಿಗೆ ಇಳಿಯುತ್ತದೆ. ಮಾತಿಗೆ 'ಓಪಸ್' ಎಂಬ ವಿಧಾನವುಂಟು; ಅದಕ್ಕೆ 40 ಕಿಲೊಬಿಟ್ಟುಗಳೇ ಧಾರಾಳ.

ಇನ್ನು ನಲವತ್ತು ಮಂದಿಯ ತರಗತಿಯನ್ನು ಎಣಿಸಿಕೊಳ್ಳೋಣ. ಪ್ರತಿಯೊಬ್ಬರೂ ಉಳಿದ 39 ಮಂದಿಗೆ ತಮ್ಮ ಚಿತ್ರವನ್ನು ನೇರವಾಗಿ ಕಳುಹಿಸುವುದಾದರೆ ಒಟ್ಟು 1,560 ಪ್ರವಾಹಗಳಾಗುತ್ತವೆ. ಯಾವ ಮೊಬೈಲೂ ಇದನ್ನು ತಡೆಯಲಾರದು. ನಡುವಿನಲ್ಲಿ ಒಂದು ಸರ್ವರನ್ನಿರಿಸಿ, ಎಲ್ಲರ ಚಿತ್ರಗಳನ್ನೂ ಅಲ್ಲಿ ಒಂದಾಗಿ ಬೆರೆಸಿ ಕಳುಹಿಸುವುದು ಮತ್ತೊಂದು ದಾರಿ. ಅದಕ್ಕೆ ಬಹು ಬಲವಾದ ಯಂತ್ರ ಬೇಕು. ಜಿಟ್ಸಿ ಹಿಡಿದಿರುವುದು ಮೂರನೆಯ ದಾರಿ. ಇಲ್ಲಿ ಪ್ರತಿಯೊಬ್ಬರೂ ತಮ್ಮ ಚಿತ್ರವನ್ನು ಸರ್ವರಿಗೆ ಮಾತ್ರ ಕಳುಹಿಸುತ್ತಾರೆ. ಸರ್ವರು ಅದನ್ನು ಬೆರೆಸುವುದಿಲ್ಲ. ಅಂಚೆಕಚೇರಿಯಲ್ಲಿ ಕಾಗದಗಳನ್ನು ವಿಂಗಡಿಸಿ ಕೊಡುವಂತೆ, ಯಾರಿಗೆ ಯಾವುದು ಬೇಕೋ ಅದನ್ನು ದಾಟಿಸುತ್ತದೆ. ಕಳುಹಿಸುವ ಯಂತ್ರವು ಒಂದೇ ಚಿತ್ರವನ್ನು ದೊಡ್ಡದು, ನಡುವಿನದು, ಚಿಕ್ಕದು ಎಂದು ಮೂರು ಅಳತೆಗಳಲ್ಲಿ ಕಳುಹಿಸಬಲ್ಲದಾದ್ದರಿಂದ, ಜಾಲದ ಬಲ ಕಡಿಮೆಯಿದ್ದ ಮನೆಗೆ ಸರ್ವರು ಚಿಕ್ಕದನ್ನೇ ಕೊಡುತ್ತದೆ.

ಇದು ಬರಿಯ ಲೆಕ್ಕವಲ್ಲ, ಬಡವರ ಮನೆಯ ಖರ್ಚಿನ ವಿಚಾರ. ಸೆಕೆಂಡಿಗೆ 2 ಮೆಗಾಬಿಟ್ಟಿನಂತೆ 45 ನಿಮಿಷದ ಒಂದು ಪಾಠವನ್ನು ನೋಡಿದರೆ 675 ಮೆಗಾಬೈಟುಗಳು ವ್ಯಯವಾಗುತ್ತವೆ. ಧ್ವನಿಯನ್ನು ಮಾತ್ರ ಕೇಳಿದರೆ ಸುಮಾರು 13.5 ಮೆಗಾಬೈಟುಗಳು ಸಾಕು. ಒಂದೇ ಮೊಬೈಲಿನಲ್ಲಿ ಇಬ್ಬರು ಮಕ್ಕಳು ಓದುವ ಮನೆಯಲ್ಲಿ ಈ ಅಂತರವೇ ಪಾಠಕ್ಕೂ ಗೈರುಹಾಜರಿಗೂ ನಡುವಿನ ಅಂತರ. ಜಿಟ್ಸಿಯ ವ್ಯವಸ್ಥಾಕಡತದಲ್ಲಿ ಕೆಲವೇ ಸಾಲುಗಳನ್ನು ಬರೆದು, ತರಗತಿಗೆ ಬಂದವರ ಕ್ಯಾಮೆರಾ ಮೊದಲಿಗೆ ಮುಚ್ಚಿರುವಂತೆಯೂ, ಕೊನೆಗೆ ಮಾತನಾಡಿದ ಇಂತಿಷ್ಟು ಮಂದಿಯ ಚಿತ್ರ ಮಾತ್ರ ಸಾಗುವಂತೆಯೂ, ಚಿತ್ರದ ಅಳತೆ ಮಿತಿಯೊಳಗಿರುವಂತೆಯೂ ಏರ್ಪಡಿಸಬಹುದು. ಶಾಲೆಯು ಮೊದಲು ಮಾಡತಕ್ಕ ತಿದ್ದುಪಡಿ ಇದೇ ಎಂದು ನನ್ನ ಅಭಿಪ್ರಾಯ.

ಒಳಗಿನ ನಾಲ್ವರು ಕೆಲಸಗಾರರು

ಜಿಟ್ಸಿ ಒಂದೇ ತಂತ್ರಾಂಶದಂತೆ ಕಂಡರೂ ಒಳಗೆ ನಾಲ್ಕು ಮುಖ್ಯ ಭಾಗಗಳಿವೆ. ಕಣ್ಣಿಗೆ ಕಾಣುವ ಪುಟ ಮೊದಲನೆಯದು. ಯಾರು ಬಂದರು, ಯಾರು ಹೋದರು ಎಂಬ ಹಾಜರಿಪುಸ್ತಕವನ್ನಿಟ್ಟುಕೊಂಡು ಸಂದೇಶಗಳನ್ನು ಮುಟ್ಟಿಸುವುದು 'ಪ್ರೊಸೋಡಿ'. ಬಂದವರಿಗೆ ಯಾವ ದಾರಿಯಲ್ಲಿ ಚಿತ್ರ ಸಾಗಬೇಕೆಂದು ಏರ್ಪಡಿಸುವುದು 'ಜಿಕೋಫೊ'. ಚಿತ್ರವನ್ನೂ ಧ್ವನಿಯನ್ನೂ ನಿಜವಾಗಿ ದಾಟಿಸುವುದು 'ವೀಡಿಯೊಬ್ರಿಜ್'.

ಈ ವಿಭಾಗವನ್ನು ತಿಳಿದಿದ್ದರೆ ದೋಷವನ್ನು ಹುಡುಕುವುದು ಸುಲಭ. ಉದಾಹರಣೆಗೆ, ಇಬ್ಬರಿದ್ದಾಗ ಎಲ್ಲವೂ ಸರಿಯಾಗಿದ್ದು, ಮೂರನೆಯವರು ಬಂದೊಡನೆ ಎಲ್ಲರ ಚಿತ್ರವೂ ಮಾಯವಾಗುವುದುಂಟು. ಇಬ್ಬರೇ ಇದ್ದಾಗ ಜಿಟ್ಸಿಯು ಅವರನ್ನು ನೇರವಾಗಿ ಜೋಡಿಸುತ್ತದೆ. ಮೂವರಾದಾಗ ಚಿತ್ರವು ವೀಡಿಯೊಬ್ರಿಜ್‌ನ ಮೂಲಕ ಹೋಗತೊಡಗುತ್ತದೆ. ಅದರ ಹೆದ್ದಾರಿ 10000 ಎಂಬ ಸಂಖ್ಯೆಯ ಯುಡಿಪಿ ಪೋರ್ಟು. ಸರ್ವರಿನ ಕಾವಲು ವ್ಯವಸ್ಥೆಯಲ್ಲಿ ಆ ಬಾಗಿಲು ಮುಚ್ಚಿದ್ದರೆ ಹೀಗಾಗುತ್ತದೆ. ಕಾರಣವರಿಯದವರು ಮೂರನೆಯವರ ಮೊಬೈಲನ್ನು ದೂರುತ್ತಾರೆ.

ಭದ್ರತೆಯ ಕುರಿತು ಎರಡು ಮಾತು. ಮೊಬೈಲಿನಿಂದ ಸರ್ವರಿನವರೆಗಿನ ದಾರಿಯಲ್ಲಿ ಚಿತ್ರವು ಗುಪ್ತಲಿಪಿಯಲ್ಲಿ ಸಾಗುವುದಾದರೂ, ಸಾಮಾನ್ಯ ಏರ್ಪಾಡಿನಲ್ಲಿ ವೀಡಿಯೊಬ್ರಿಜ್‌ನೊಳಗೆ ಅದು ಬಿಚ್ಚಿಕೊಳ್ಳುತ್ತದೆ. ಆದುದರಿಂದ ಸರ್ವರು ಯಾರ ಕೈಯಲ್ಲಿದೆ ಎಂಬುದು ಮುಖ್ಯ. ಅಲ್ಲದೆ, ಹೊಸದಾಗಿ ಸ್ಥಾಪಿಸಿದ ಜಿಟ್ಸಿಯಲ್ಲಿ ವಿಳಾಸ ಬಲ್ಲ ಯಾರು ಬೇಕಾದರೂ ಕೋಣೆಯನ್ನು ತೆರೆಯಬಹುದು. ನೋಂದಾಯಿತರಾದ ಅಧ್ಯಾಪಕರು ಮಾತ್ರ ತೆರೆಯುವಂತೆ ವ್ಯವಸ್ಥೆ ಮಾಡಿದ ಹೊರತು ಮಕ್ಕಳನ್ನು ಅದರೊಳಗೆ ಕೂರಿಸಬಾರದು.

ಕನ್ನಡಕ್ಕೆ ತರುವುದು

ತಂತ್ರಾಂಶದ ಮಾತುಗಳೆಲ್ಲ ಭಾಷೆಗೊಂದರಂತೆ ಪ್ರತ್ಯೇಕ ಕಡತಗಳಲ್ಲಿರುತ್ತವೆ. ಎಡಗಡೆ ಮಾತಿನ ಗುರುತು, ಬಲಗಡೆ ಅದರ ಅನುವಾದ. ಬಲಗಡೆಯದನ್ನು ಬರೆಯಲು ಕಂಪ್ಯೂಟರಿನ ಪಾಂಡಿತ್ಯ ಬೇಡ, ಕನ್ನಡದ ವಿವೇಕ ಬೇಕು. ಅನುವಾದವಾಗದೆ ಉಳಿದ ಮಾತು ಇಂಗ್ಲಿಷಿನಲ್ಲಿಯೇ ಕಾಣಿಸಿಕೊಳ್ಳುವುದರಿಂದ, ಕೆಲಸವನ್ನು ಸ್ವಲ್ಪ ಸ್ವಲ್ಪವಾಗಿ ಮುಂದುವರಿಸಲೂ ಅಡ್ಡಿಯಿಲ್ಲ.

ಆದರೆ ಪದಕ್ಕೆ ಪದವನ್ನಿಟ್ಟರೆ ಅನುವಾದವಾಗದು. 'ಮ್ಯೂಟ್' ಎಂಬುದನ್ನು 'ಮೂಕವಾಗಿಸಿ' ಎಂದರೆ ಕ್ರೌರ್ಯ. 'ಧ್ವನಿ ನಿಲ್ಲಿಸಿ' ಎಂದರೆ ಸಾಕು. ಅಧ್ಯಾಪಕರು ಒಳಗೆ ಕರೆಯುವವರೆಗೆ ಬಂದವರು ಕಾಯುವ ತಾಣವನ್ನು ಇಂಗ್ಲಿಷಿನಲ್ಲಿ 'ಲಾಬಿ' ಎನ್ನುತ್ತಾರೆ. ನಾವು ಅದಕ್ಕೆ 'ಜಗಲಿ' ಎಂದು ಬರೆದೆವು. 'ನೀವು ಜಗಲಿಯಲ್ಲಿದ್ದೀರಿ, ಗುರುಗಳು ಕರೆಯುವವರೆಗೆ ಕಾಯಿರಿ' ಎಂಬ ಸೂಚನೆಯನ್ನು ಯಾವ ಅಜ್ಜಿಗೂ ಬಿಡಿಸಿ ಹೇಳಬೇಕಾಗಲಿಲ್ಲ.

ವಿಭಕ್ತಿಯ ತೊಡಕು ಇನ್ನೊಂದು. ಹೆಸರಿನ ಜಾಗವನ್ನು ಖಾಲಿ ಬಿಟ್ಟು ಯಂತ್ರವೇ ಅದನ್ನು ತುಂಬುವ ವಾಕ್ಯಗಳಿವೆ. ಇಂಗ್ಲಿಷಿನಲ್ಲಿ ಹೆಸರು ಹೇಗಿದ್ದರೂ ಬದಲಾಗದು. ಕನ್ನಡದಲ್ಲಿ ರಾಮನನ್ನು, ಸೀತೆಯನ್ನು, ಗುರುವನ್ನು ಎಂದು ಹೆಸರಿನ ಕೊನೆಗೆ ತಕ್ಕಂತೆ ರೂಪ ಬೇರೆಯಾಗುತ್ತದೆ. ಯಂತ್ರಕ್ಕೆ ಈ ವ್ಯಾಕರಣ ತಿಳಿಯದು. ಹೆಸರಿನ ಮುಂದೆ 'ಅವರು', 'ಅವರನ್ನು', 'ಅವರಿಗೆ' ಎಂದು ಸೇರಿಸಿದರೆ ತೊಡಕೂ ಕಳೆಯುತ್ತದೆ, ಗೌರವವೂ ಉಳಿಯುತ್ತದೆ. ಇಂತಹ ಸೂಕ್ಷ್ಮಗಳನ್ನು ಹೇಳಬಲ್ಲವರು ನಮ್ಮ ಭಾಷಾ ಅಧ್ಯಾಪಕರೇ ಹೊರತು ಯಂತ್ರತಜ್ಞರಲ್ಲ.

ಅಕ್ಷರರೂಪವನ್ನೂ ಮರೆಯಬಾರದು. ಪಾಠವನ್ನು ಮುದ್ರಿಸಿಕೊಳ್ಳಲು 'ಜಿಬ್ರಿ' ಎಂಬ ಉಪಾಂಗವುಂಟು. ಅದು ಸರ್ವರಿನಲ್ಲಿಯೇ ಬ್ರೌಸರನ್ನು ತೆರೆದು, ಕಾಣುವುದನ್ನು ಚಿತ್ರೀಕರಿಸುತ್ತದೆ. ಆ ಸರ್ವರಿನಲ್ಲಿ ಕನ್ನಡದ ಫಾಂಟು ಇಲ್ಲದಿದ್ದರೆ ಮಕ್ಕಳ ಹೆಸರುಗಳ ಜಾಗದಲ್ಲೆಲ್ಲ ಬರಿಯ ಚೌಕಗಳು ಮೂಡುತ್ತವೆ. 'ಗುಬ್ಬಿ', 'ನವಿಲು' ಮುಂತಾದ ಮುಕ್ತ ಕನ್ನಡ ಫಾಂಟುಗಳು ಉಚಿತವಾಗಿ ದೊರೆಯುವುದರಿಂದ ಇದಕ್ಕೆ ಖರ್ಚೇನೂ ಇಲ್ಲ. ನೆನಪಿಟ್ಟುಕೊಂಡು ಸೇರಿಸಬೇಕು, ಅಷ್ಟೆ.

ನಾವು ಮಾಡಿದ ತಪ್ಪು

ಇಷ್ಟನ್ನು ಕಲಿಯುವ ಮೊದಲು ನಾವು ತಪ್ಪಿದ ಸಂಗತಿಯನ್ನೂ ಹೇಳಬೇಕು. ನಾನು ಆಗ ನೆರವಾಗುತ್ತಿದ್ದ ಒಂದು ಶಾಲೆಗಾಗಿ ಮೂವರು ಹಳೆಯ ವಿದ್ಯಾರ್ಥಿಗಳು ಕೂಡಿ ಜಿಟ್ಸಿಯನ್ನು ಸ್ಥಾಪಿಸಿದೆವು. ಉತ್ಸಾಹದ ಭರದಲ್ಲಿ ಸ್ಥಾಪಿತವಾದ ಕಡತಗಳನ್ನೇ ತೆರೆದು, ಮೂಲದ ಲಾಂಛನವನ್ನು ಕಿತ್ತು ಶಾಲೆಯದನ್ನಿಟ್ಟೆವು. ಆರಂಭಪುಟಕ್ಕೆ ಕನ್ನಡದ ಸೂಚನೆಗಳನ್ನು ಸೇರಿಸಿದೆವು. ಬಟನುಗಳ ಕನ್ನಡ ಮಾತುಗಳನ್ನೂ ಅಲ್ಲಿಯೇ ತುರುಕಿದೆವು. ಮೂರು ತಿಂಗಳು ಎಲ್ಲವೂ ಚೆನ್ನಾಗಿ ನಡೆಯಿತು. ಒಂದು ರಾತ್ರಿ ಸರ್ವರನ್ನು ನವೀಕರಿಸಿದಾಗ ಹೊಸ ಆವೃತ್ತಿಯ ಕಡತಗಳು ನಮ್ಮವುಗಳ ಮೇಲೆ ಬಂದು ಕುಳಿತವು. ಮರುದಿನ ಬೆಳಗ್ಗೆ ಐದನೆಯ ತರಗತಿಯ ಮಕ್ಕಳಿಗೆ ಕಂಡದ್ದು ಬರಿಯ ಇಂಗ್ಲಿಷಿನ ಪುಟ. ಇದು ಮತ್ತಾವುದೋ ಕಂಪೆನಿಯದೆಂದು ಹೆದರಿ ಕೆಲವರು ಹಿರಿಯರು ಮೊಬೈಲನ್ನು ಆರಿಸಿಟ್ಟರು. ಆ ದಿನ ಹನ್ನೊಂದು ಮಕ್ಕಳು ಪಾಠಕ್ಕೆ ಬರಲಿಲ್ಲ.

ಇನ್ನೂ ದೊಡ್ಡ ತಪ್ಪು ಇದರ ನಂತರದ್ದು. ಮತ್ತೆ ಹಾಗಾದೀತೆಂಬ ಭಯದಿಂದ ನವೀಕರಣವನ್ನೇ ನಿಲ್ಲಿಸಿಬಿಟ್ಟೆವು. ನವೀಕರಣವೆಂದರೆ ಅಲಂಕಾರವಲ್ಲ, ಭದ್ರತೆಯ ಬಿರುಕುಗಳನ್ನು ಮುಚ್ಚುವ ಉಪಾಯ. ಜೊತೆಗೆ, ಮಕ್ಕಳ ಮೊಬೈಲಿನ ಬ್ರೌಸರುಗಳು ಹೊಸದಾಗುತ್ತಲೇ ಇರುವಾಗ ಸರ್ವರು ಮಾತ್ರ ಹಳೆಯದಾಗಿ ಉಳಿದರೆ ಎರಡಕ್ಕೂ ಹೊಂದಿಕೆ ತಪ್ಪುತ್ತದೆ. ಕೆಲವು ತಿಂಗಳಲ್ಲಿ ಹಾಗೆಯೇ ಆಯಿತು. ಅಷ್ಟು ಹೊತ್ತಿಗೆ ಯಾವ ಕಡತದಲ್ಲಿ ಏನು ಬದಲಾಗಿದೆಯೆಂದು ಬಲ್ಲ ಗೆಳೆಯನು ಗಲ್ಫಿಗೆ ಉದ್ಯೋಗಕ್ಕೆ ಹೋಗಿದ್ದನು. ಅವನ ತಲೆಯಲ್ಲಿದ್ದುದು ಎಲ್ಲಿಯೂ ಬರೆಹದಲ್ಲಿರಲಿಲ್ಲ. ಪದ್ಯದ ನಡುವೆ ತನ್ನ ಮಾತನ್ನು ಸೇರಿಸಿದ ಲಿಪಿಕಾರನ ಕತೆ ನಮ್ಮದಾಯಿತು.

ಕಟ್ಟಿಕೊಡುವ ಕ್ರಮ

ಬಳಿಕ ನಾವು ಅನುಸರಿಸಿದ ಕ್ರಮವಿದು. ಬದಲಾವಣೆಗಳನ್ನು ಮೂರು ಬಗೆಯಾಗಿ ವಿಂಗಡಿಸಬೇಕು.

ಮೊದಲನೆಯದಾಗಿ, ವ್ಯವಸ್ಥಾಕಡತಗಳಲ್ಲಿ ಬರೆದು ಸಾಧಿಸಬಹುದಾದುದನ್ನೆಲ್ಲ ಅಲ್ಲಿಯೇ ಬರೆಯಬೇಕು. ಸರ್ವರುಗಳಲ್ಲಿ ಬಹುವಾಗಿ ಬಳಕೆಯಲ್ಲಿರುವ, 1993ರಲ್ಲಿ ಆರಂಭವಾದ ಡೆಬಿಯನ್ ಎಂಬ ಮುಕ್ತ ಕಾರ್ಯವ್ಯವಸ್ಥೆಯಲ್ಲಿ ಇಂತಹ ಕಡತಗಳಿಗೆ ವಿಶೇಷ ರಕ್ಷಣೆಯಿದೆ. ಮೇಲ್ವಿಚಾರಕನು ತಿದ್ದಿದುದನ್ನು ಅದು ಕೇಳದೆ ಅಳಿಸುವುದಿಲ್ಲ.

ಎರಡನೆಯದಾಗಿ, ಲಾಂಛನ, ಆರಂಭಪುಟ ಮುಂತಾದ ನಮ್ಮವೇ ಆದ ಕಡತಗಳನ್ನು ಒಂದು ಪ್ರತ್ಯೇಕ ಪ್ಯಾಕೇಜಾಗಿ ಕಟ್ಟಬೇಕು. ಪ್ಯಾಕೇಜೆಂದರೆ ಕಡತಗಳ ಗಂಟು ಮಾತ್ರವಲ್ಲ. ಅದರೊಡನೆ ಒಂದು ವಿವರಪತ್ರವಿರುತ್ತದೆ: ಹೆಸರು, ಆವೃತ್ತಿಯ ಸಂಖ್ಯೆ, ಹೊಣೆ ಹೊತ್ತವರು ಯಾರು, ಇದಕ್ಕೆ ಮೊದಲು ಏನೇನು ಇರಬೇಕು ಎಂಬ ಪಟ್ಟಿ. ಈ ಪಟ್ಟಿಯಲ್ಲಿ ಜಿಟ್ಸಿಯನ್ನೂ ಕನ್ನಡ ಫಾಂಟುಗಳನ್ನೂ ಹೆಸರಿಸಿದರೆ ಯಂತ್ರವು ತಾನಾಗಿಯೇ ಅವನ್ನು ತರಿಸಿಕೊಳ್ಳುತ್ತದೆ. ಚೌಕಗಳ ತೊಂದರೆ ಅಲ್ಲಿಗೇ ಮುಗಿಯುತ್ತದೆ. ಸ್ಥಾಪಿಸುವಾಗ ಮಾಡತಕ್ಕ ಕೆಲಸಗಳನ್ನೂ, ತೆಗೆಯುವಾಗ ಮಾಡತಕ್ಕ ಕೆಲಸಗಳನ್ನೂ ಆಜ್ಞೆಗಳ ರೂಪದಲ್ಲಿ ಜೊತೆಗಿಡಬಹುದು. ಮೂಲದ ಒಂದು ಕಡತದ ಜಾಗದಲ್ಲಿ ನಮ್ಮದನ್ನಿಡಬೇಕಾದಾಗ 'ಡಿಪಿಕೆಜಿ ಡೈವರ್ಟ್' ಎಂಬ ಸಾಧನವುಂಟು. ಅದು ಮೂಲದ ಕಡತವನ್ನು ಬೇರೆ ಹೆಸರಿನಲ್ಲಿ ಬದಿಗಿರಿಸುತ್ತದೆ. ಮುಂದೆ ನವೀಕರಣವಾದಾಗ ಹೊಸ ಕಡತವೂ ಆ ಬದಿಗೇ ಹೋಗುತ್ತದೆ. ನಮ್ಮ ಪ್ಯಾಕೇಜನ್ನು ತೆಗೆಯುವಾಗ ಈ ಏರ್ಪಾಡನ್ನು ಹಿಂತೆಗೆದರೆ ಮೂಲವು ಮೊದಲಿನಂತೆ ಮರಳುತ್ತದೆ.

ಮೂರನೆಯದಾಗಿ, ಮೂಲಬರೆಹವನ್ನೇ ತಿದ್ದಬೇಕಾದ ಸಂದರ್ಭಗಳು. ಇವನ್ನು ಆದಷ್ಟು ಕಡಿಮೆ ಮಾಡಬೇಕು. ಮಾಡಿದ ಪ್ರತಿಯೊಂದನ್ನೂ ಏಕೆ, ಯಾವಾಗ, ಯಾರು ಮಾಡಿದರೆಂಬ ಟಿಪ್ಪಣಿಯೊಡನೆ ಪ್ರತ್ಯೇಕವಾಗಿ ಕಾಪಾಡಬೇಕು. ಎಲ್ಲರಿಗೂ ಉಪಯೋಗವಾಗುವಂಥದನ್ನು ಮೂಲಕರ್ತೃಗಳಿಗೇ ಕಳುಹಿಸಿಕೊಡುವುದು ಉತ್ತಮ. ಕನ್ನಡದ ಅನುವಾದ ಇಂತಹದು. ಭಾಷೆಗಳ ಪಟ್ಟಿಯು ಸಿದ್ಧ ತಂತ್ರಾಂಶದೊಳಗೇ ಬೆಸೆದಿರುವುದರಿಂದ, ಹೊಸ ಭಾಷೆಯನ್ನು ನಮ್ಮಷ್ಟಕ್ಕೆ ಸೇರಿಸಿಕೊಂಡರೆ ಪ್ರತಿ ಆವೃತ್ತಿಗೂ ಮತ್ತೆ ಮತ್ತೆ ಕಟ್ಟಬೇಕಾಗುತ್ತದೆ. ಅನುವಾದವನ್ನು ಅವರು ಸ್ವೀಕರಿಸಿದರೆ ಆ ಶ್ರಮ ತಪ್ಪುವುದಲ್ಲದೆ, ಸೊಲ್ಲಾಪುರದಲ್ಲಾಗಲಿ ಹೊಸೂರಿನಲ್ಲಾಗಲಿ ಇರುವ ಕನ್ನಡ ಮಗುವಿಗೂ ಅದು ಸಲ್ಲುತ್ತದೆ.

ಹಳೆಯ ವ್ಯಾಖ್ಯಾನಕಾರರ ಪದ್ಧತಿಯೂ ಇದೇ ಅಲ್ಲವೇ? ಮೂಲಪದ್ಯವನ್ನು ಮುಟ್ಟದೆ ತಮ್ಮ ಟೀಕೆಯನ್ನು ಅದರ ಪಕ್ಕದಲ್ಲಿಟ್ಟರು. ಹಾಗಾದುದರಿಂದಲೇ ಎರಡೂ ಕೆಡದೆ ನಮ್ಮವರೆಗೆ ಬಂದಿವೆ.

ಕಟ್ಟಿದ ಪ್ಯಾಕೇಜಿನ ಪರೀಕ್ಷೆಗೆ ನಾವು ಒಂದು ನಿಯಮವನ್ನಿಟ್ಟುಕೊಂಡೆವು. ಅದನ್ನು ಕಟ್ಟಿದವರು ಸ್ಥಾಪಿಸಕೂಡದು. ಕಟ್ಟುವ ಕೆಲಸದಲ್ಲಿ ಇಲ್ಲದವರು, ಏನೂ ಇಲ್ಲದ ಹೊಸ ಯಂತ್ರದಲ್ಲಿ, ಬರೆದಿಟ್ಟ ಸೂಚನೆಗಳನ್ನು ಮಾತ್ರ ಓದಿಕೊಂಡು ಸ್ಥಾಪಿಸಬೇಕು. ಮೊದಲ ಸಲ ಈ ಕೆಲಸವನ್ನು ವಹಿಸಿಕೊಂಡವರು ಶಾಲೆಯ ಗಣಿತದ ಅಧ್ಯಾಪಿಕೆ. ಎರಡು ಕಡೆ ನಮ್ಮ ಸೂಚನೆ ಅಸ್ಪಷ್ಟವಾಗಿದೆಯೆಂದು ಅವರು ಕೆಂಪು ಶಾಯಿಯಲ್ಲಿ ಗುರುತು ಮಾಡಿ ಕೊಟ್ಟರು. ತಿದ್ದಿ ಬರೆದ ಮೇಲೆ, ಎರಡನೆಯ ಸಲ ಅವರು ಯಾರನ್ನೂ ಕೇಳದೆ ಒಂದು ಮಧ್ಯಾಹ್ನದೊಳಗೆ ಕೆಲಸವನ್ನು ಮುಗಿಸಿದರು. ಅಂದಿನಿಂದ ಆ ಶಾಲೆಯ ಸರ್ವರಿಗೆ ನವೀಕರಣದ ಭಯವಿಲ್ಲ.

ಈ ಲೇಖನವನ್ನು ಓದುವ ಹಳೆಯ ವಿದ್ಯಾರ್ಥಿಗಳಲ್ಲಿ ಕಂಪ್ಯೂಟರಿನ ಉದ್ಯೋಗದಲ್ಲಿರುವವರು ಹಲವರಿದ್ದಾರೆ. ಪ್ಯಾಕೇಜು ಕಟ್ಟುವ ಕೆಲಸವನ್ನು ಅವರು ವಹಿಸಿಕೊಳ್ಳಬಹುದು. ಅನುವಾದದ ಕೆಲಸಕ್ಕೆ ಒಂಬತ್ತು ಹತ್ತನೆಯ ತರಗತಿಯ ಮಕ್ಕಳೂ ಅವರ ಭಾಷಾ ಅಧ್ಯಾಪಕರೂ ಸಾಲುತ್ತಾರೆ; ವಾರಕ್ಕೆ ಇಪ್ಪತ್ತು ಮಾತುಗಳಂತೆ ಮಾಡಿದರೂ ಒಂದು ವರ್ಷದಲ್ಲಿ ಸಾವಿರವಾಗುತ್ತವೆ. ಆರಂಭಿಸುವ ಮೊದಲು ಬದಲಾವಣೆಗಳನ್ನು ಬರೆದಿಡಲು ಒಂದು ಪುಸ್ತಕವನ್ನು ತೆರೆಯಿರಿ. ನಾವು ಹಾಗೆ ಮಾಡದೆ ಒಂದು ವರ್ಷವನ್ನು ಕಳೆದುಕೊಂಡೆವು.